ಕೋರ್ಟ್ ಆದೇಶ ಇದ್ದರೂ ಗೋಡೆ ಎದ್ದಿದೆ, ಪಿಂಚಣಿ ಬಂದಿಲ್ಲ: ಕಂಟೆಂಪ್ಟ್ ಹಾಕಬಹುದಾ?

ಪ್ರಶ್ನೆ: ಮೇಡಂ, ನಮಸ್ಕಾರ. ನಮ್ಮ ಮನೆಯಲ್ಲಿ ಎರಡು ಕೋರ್ಟ್ ಆದೇಶಗಳಿವೆ. ಎರಡಕ್ಕೂ ಯಾರೂ ಕವಡೆ ಕಿಮ್ಮತ್ತು ಕೊಡುತ್ತಿಲ್ಲ. ಮೊದಲನೆಯದು ಸೈಟಿನದು. ಪಕ್ಕದವರು ನಮ್ಮ ಜಾಗಕ್ಕೆ ನುಗ್ಗುತ್ತಿದ್ದಾರೆಂದು ತಾಲ್ಲೂಕಿನ ಸಿವಿಲ್ ಕೋರ್ಟಿನಲ್ಲಿ ದಾವೆ ಹಾಕಿದೆವು. ದಾವೆ ಮುಗಿಯುವವರೆಗೆ ಅಲ್ಲಿ ಯಾವ ಕಟ್ಟಡವನ್ನೂ ಕಟ್ಟಬಾರದು ಎಂದು ತಾತ್ಕಾಲಿಕ ತಡೆಯಾಜ್ಞೆ ಸಿಕ್ಕಿತು. ಏಳನೇ ತಿಂಗಳಲ್ಲಿ, ಒಂದು ಶನಿವಾರ ರಾತ್ರಿಯಿಂದ ಸೋಮವಾರ ಬೆಳಗಾಗುವಷ್ಟರಲ್ಲಿ ಕಾಂಪೌಂಡ್ ಗೋಡೆ ಎಬ್ಬಿಸಿಬಿಟ್ಟರು. ಕೇಳಿದರೆ "ಆರು ತಿಂಗಳಾಯ್ತು, ನಿಮ್ಮ ಸ್ಟೇ ಬಿದ್ದುಹೋಗಿದೆ" ಅನ್ನುತ್ತಾರೆ. ಎರಡನೆಯದು ಅಮ್ಮನದು. ಅನುದಾನಿತ ಶಾಲೆಯಲ್ಲಿ ಶಿಕ್ಷಕಿಯಾಗಿದ್ದು ನಿವೃತ್ತರಾದರು. ಪಿಂಚಣಿ ವ್ಯತ್ಯಾಸದ ಬಾಕಿಗೆ ಹೈಕೋರ್ಟಿನಲ್ಲಿ ರಿಟ್ ಹಾಕಿದ್ದೆವು. ಆದೇಶವಾಗಿ, ಅದರ ಪ್ರತಿಯನ್ನು ಕಚೇರಿಗೆ ಕೊಟ್ಟು 8 ತಿಂಗಳಾಯಿತು. ಇನ್ನೂ "ಫೈಲ್ ಮೇಲೆ ಹೋಗಿದೆ" ಎಂಬ ಉತ್ತರವೇ. ಇಬ್ಬರ ಮೇಲೂ ಕಂಟೆಂಪ್ಟ್ ಹಾಕಿ ಜೈಲಿಗೆ ಕಳಿಸಬಹುದಾ? ಅಡ್ವೊಕೇಟ್ ಜನರಲ್ (ರಾಜ್ಯ ಸರ್ಕಾರದ ಮುಖ್ಯ ವಕೀಲರು) ಅವರ ಒಪ್ಪಿಗೆ ಬೇಕು ಅಂತಾರೆ, ನಿಜಾನಾ? ಅಮ್ಮನಿಗೆ ಮಂಡಿನೋವು. ಪ್ರತಿ ವಾಯಿದೆಗೂ ಅವರು ಬರಬೇಕಾಗುತ್ತಾ? ಎರಡೂ ಆದೇಶದ ಪ್ರತಿ, ಗೋಡೆಯ ಫೋಟೋಗಳನ್ನು ಜೊತೆಗಿಟ್ಟಿದ್ದೇನೆ.

ಉತ್ತರ: ಆದೇಶದ ಪ್ರತಿ ಕಳಿಸಿದ್ದು ಒಳ್ಳೆಯದಾಯಿತು. ಬಹಳ ಜನ ಸಿಟ್ಟನ್ನಷ್ಟೇ ಕಳಿಸುತ್ತಾರೆ, ಆದೇಶ ಕಳಿಸುವುದಿಲ್ಲ. ಕಂಟೆಂಪ್ಟ್ ಕೇಸು ನಿಲ್ಲುವುದೂ ಬೀಳುವುದೂ ಆದೇಶದ ಕೊನೆಯ ಪ್ಯಾರಾದ ಎರಡು ಮೂರು ಸಾಲಿನ ಮೇಲೆ. ಮೇಲಿನ ಹತ್ತು ಪುಟದಲ್ಲಿ ನ್ಯಾಯಾಧೀಶರು ನಿಮ್ಮ ಪರವಾಗಿ ಎಷ್ಟೇ ಚೆನ್ನಾಗಿ ಬರೆದಿರಲಿ, "ಆದ್ದರಿಂದ ಹೀಗೆ ಮಾಡತಕ್ಕದ್ದು" ಎಂಬ ಸಾಲಿನಲ್ಲಿ ಇಲ್ಲದ್ದನ್ನು ಎದುರಾಳಿ ಮಾಡಲಿಲ್ಲ ಎಂದು ದೂರುವ ಹಾಗಿಲ್ಲ.

ನೇರವಾಗಿ ಹೇಳಿಬಿಡುತ್ತೇನೆ. ಗೋಡೆಯ ವಿಷಯಕ್ಕೆ ಹೈಕೋರ್ಟಿಗೆ ಓಡಬೇಡಿ. ತಡೆಯಾಜ್ಞೆ ಕೊಟ್ಟ ಅದೇ ಕೋರ್ಟಿಗೆ ಹೋಗಿ. ಅಲ್ಲಿ ನಿಮ್ಮ ಕೈಯಲ್ಲಿರುವ ಆಯುಧ ಕಂಟೆಂಪ್ಟ್‌ಗಿಂತ ಹರಿತವಾಗಿದೆ. ಪಿಂಚಣಿ ವಿಷಯಕ್ಕೆ ಹೈಕೋರ್ಟಿನಲ್ಲಿ ಕಂಟೆಂಪ್ಟ್ ಹಾಕಬಹುದು. ಆದರೆ ಅದರಿಂದ ಅಮ್ಮನ ಖಾತೆಗೆ ದುಡ್ಡು ಬಂದು ಬೀಳುತ್ತದೆ ಅಂತ ಈಗಲೇ ಲೆಕ್ಕ ಹಾಕಬೇಡಿ. ಯಾಕೆ ಅನ್ನುವುದಕ್ಕೇ ಈ ಉದ್ದದ ಉತ್ತರ.

ಕಂಟೆಂಪ್ಟ್‌ಗೆ ನಮ್ಮಲ್ಲಿ "ನ್ಯಾಯಾಂಗ ನಿಂದನೆ" ಅನ್ನುತ್ತೇವೆ. ಆ ಪದ ಕೇಳಿದರೆ ಯಾರೋ ಜಡ್ಜ್‌ಗೆ ಬೈದಂತೆ ಅನಿಸುತ್ತದೆ, ಅಲ್ವಾ? ಅದು ಕ್ರಿಮಿನಲ್ ನಿಂದನೆಯ ಕಡೆಗೆ ಹೋಗುತ್ತದೆ. ಸಿವಿಲ್ ನಿಂದನೆಯಲ್ಲಿ ಯಾರೂ ಯಾರಿಗೂ ಬೈದಿರಬೇಕಿಲ್ಲ. 1971ರ ನ್ಯಾಯಾಂಗ ನಿಂದನೆ ಕಾಯ್ದೆಯ 2(ಬಿ) ಕಲಂ ಹೇಳುವುದು ಎರಡೇ ಸಂಗತಿ. ಕೋರ್ಟಿನ ತೀರ್ಪು, ಡಿಕ್ರಿ, ನಿರ್ದೇಶನ, ಆದೇಶವನ್ನು ಬೇಕಂತಲೇ ಮೀರುವುದು ಒಂದು. ಕೋರ್ಟಿಗೆ ಕೊಟ್ಟ ಮುಚ್ಚಳಿಕೆಯನ್ನು ಬೇಕಂತಲೇ ಮುರಿಯುವುದು ಇನ್ನೊಂದು.

ಎರಡರಲ್ಲೂ ಇರುವ ಆ "ಬೇಕಂತಲೇ" ಎಂಬ ಪದವೇ ಕೇಸಿನ ಜೀವ. ಆದೇಶ ಪಾಲನೆಯಾಗಿಲ್ಲ ಎಂದು ತೋರಿಸಿದರೆ ಅರ್ಧ ದಾರಿ ಬಂದಂತೆ ಅಷ್ಟೇ. ಅವನಿಗೆ ಆದೇಶ ಗೊತ್ತಿತ್ತು, ಪಾಲಿಸಲು ಸಾಧ್ಯವಿತ್ತು, ಆದರೂ ಮನಸ್ಸು ಮಾಡಲಿಲ್ಲ ಅನ್ನುವುದನ್ನೂ ತೋರಿಸಬೇಕು. ಆದೇಶಕ್ಕೆ ಎರಡು ಅರ್ಥ ಬರುವಂತಿದ್ದು, ಅವನು ಒಂದು ಅರ್ಥ ಹಿಡಿದು ನಡೆದಿದ್ದರೆ ಅನುಮಾನದ ಲಾಭ ಅವನಿಗೇ. ಇದು ಜೈಲಿಗೆ ಕಳಿಸಬಹುದಾದ ವಿಚಾರಣೆ. ಹಾಗಾಗಿ ಕೋರ್ಟುಗಳು ಇದನ್ನು ಹೆಚ್ಚುಕಮ್ಮಿ ಕ್ರಿಮಿನಲ್ ಕೇಸಿನಷ್ಟೇ ಬಿಗಿಯಾಗಿ ತೂಗುತ್ತವೆ.

ಇನ್ನೊಂದು ಮಾತು. ಹೆಚ್ಚಿನ ಕಕ್ಷಿದಾರರಿಗೆ ಇದು ಹಿಡಿಸುವುದಿಲ್ಲ. ಕಂಟೆಂಪ್ಟ್ ನಿಮಗೂ ಪಕ್ಕದ ಮನೆಯವರಿಗೂ ನಡುವಿನ ಜಗಳ ಅಲ್ಲ. ಅದು ಕೋರ್ಟಿಗೂ ಆದೇಶ ಮೀರಿದವನಿಗೂ ನಡುವಿನ ವ್ಯವಹಾರ. ನೀವು ಕೋರ್ಟಿನ ಗಮನಕ್ಕೆ ತರುವವರು. ಶಿಕ್ಷೆ ಕೊಡಬೇಕೋ, ಕ್ಷಮಿಸಿ ಬಿಡಬೇಕೋ ಎಂಬುದು ಕೋರ್ಟಿನ ವಿವೇಚನೆ. "ನನಗೆ ಸಮಾಧಾನ ಆಗಿಲ್ಲ, ಒಳಗೆ ಹಾಕಲೇಬೇಕು" ಎಂದು ಹಟ ಹಿಡಿಯಲು ನಿಮಗೆ ಹಕ್ಕಿಲ್ಲ. ಇದನ್ನು ಮೊದಲೇ ಹೇಳದ ವಕೀಲರ ಮೇಲೆ ಕಕ್ಷಿದಾರರು ಆಮೇಲೆ ಮುನಿಸಿಕೊಳ್ಳುತ್ತಾರೆ. ನಾನೂ ಅನುಭವಿಸಿದ್ದೇನೆ.

ಈಗ ಗೋಡೆಗೆ ಬರೋಣ.

ಕೆಳ ಕೋರ್ಟುಗಳ ಆದೇಶ ಮೀರಿದರೂ ಶಿಕ್ಷಿಸುವ ಅಧಿಕಾರ ಕಾಯ್ದೆಯ 10ನೇ ಕಲಂ ಪ್ರಕಾರ ಹೈಕೋರ್ಟಿಗೆ ಇದೆ. ಅದನ್ನು ಓದಿಯೇ ಯಾರೋ ನಿಮಗೆ ಹೈಕೋರ್ಟಿಗೆ ಹೋಗಿ ಅಂದಿರಬೇಕು. ಆದರೆ ತಡೆಯಾಜ್ಞೆ ಮೀರಿದಾಗ ಏನು ಮಾಡಬೇಕು ಅನ್ನುವುದಕ್ಕೆ ಸಿವಿಲ್ ಪ್ರಕ್ರಿಯಾ ಸಂಹಿತೆಯಲ್ಲೇ ಬೇರೆ ದಾರಿ ಇದೆ. ಅದೇ ಆರ್ಡರ್ 39 ರೂಲ್ 2ಎ. ಆ ದಾರಿ ಇರುವಾಗ ಇಲ್ಲಿಗೇಕೆ ಬಂದಿರಿ ಎಂದು ಹೈಕೋರ್ಟ್ ಕೇಳುವುದೇ ಹೆಚ್ಚು. ಹೋಗಿ ಬರುವುದರಲ್ಲಿ ಆರು ತಿಂಗಳು ಹಾಳು.

2ಎ ಅರ್ಜಿಯಲ್ಲಿ ಏನು ಸಿಗುತ್ತದೆ ನೋಡಿ. ಆದೇಶ ಮೀರಿದವನ ಆಸ್ತಿಯನ್ನು ಕೋರ್ಟ್ ಜಪ್ತಿ ಮಾಡಬಹುದು. ಮೂರು ತಿಂಗಳವರೆಗೆ ಸಿವಿಲ್ ಜೈಲಿಗೆ ಕಳಿಸಬಹುದು. ಜಪ್ತಿ ಒಂದು ವರ್ಷದವರೆಗೆ ಇರುತ್ತದೆ. ಅಷ್ಟಾದರೂ ಅವನು ದಾರಿಗೆ ಬರದಿದ್ದರೆ ಜಪ್ತಿಯಾದ ಆಸ್ತಿಯನ್ನು ಮಾರಿ, ಆ ಹಣದಲ್ಲಿ ನಿಮಗೆ ಪರಿಹಾರ ಕೊಡಿಸಬಹುದು. ಕಂಟೆಂಪ್ಟ್ ಕಾಯ್ದೆಯಲ್ಲಿ ದಂಡದ ಗರಿಷ್ಠ ಮಿತಿ 2,000 ರೂಪಾಯಿ. 1971ರಲ್ಲಿ ಎಷ್ಟಿತ್ತೋ ಇವತ್ತಿಗೂ ಅಷ್ಟೇ. ಅದೂ ನಿಮಗೆ ಸಿಗುವುದಲ್ಲ. ಹರಿತ ಯಾವುದು ಅಂತ ಈಗ ನೀವೇ ಹೇಳಿ.

ಜಪ್ತಿಯಾದರೂ, ಜೈಲಾದರೂ, ಗೋಡೆ ಅಲ್ಲೇ ನಿಂತಿರುತ್ತದೆ. ಆದ್ದರಿಂದ 2ಎ ಜೊತೆಗೆ ಇನ್ನೊಂದು ಅರ್ಜಿ ಹಾಕಿಸಿ. ಸಂಹಿತೆಯ 151ನೇ ಕಲಂ ಕೆಳಗೆ, ಆದೇಶ ಮೀರಿ ಕಟ್ಟಿದ್ದನ್ನು ತೆಗೆಸಿ ಮೊದಲಿದ್ದ ಸ್ಥಿತಿಗೆ ತರಬೇಕು, ಬೇಕಿದ್ದರೆ ಪೊಲೀಸ್ ರಕ್ಷಣೆ ಕೊಡಬೇಕು ಎಂದು ಕೇಳುವ ಅರ್ಜಿ. ಕೋರ್ಟಿನ ಆದೇಶ ಮೀರಿದವನು ಅದರಿಂದ ಲಾಭ ಮಾಡಿಕೊಂಡು ಕೂರಬಾರದು ಅನ್ನುವುದನ್ನು ಸುಪ್ರೀಂ ಕೋರ್ಟ್ ಹಲವು ಸಲ ಹೇಳಿದೆ. ಮೊದಲನೆಯದು ಅವನಿಗೆ ಶಿಕ್ಷೆ, ಎರಡನೆಯದು ನಿಮಗೆ ಜಾಗ. ನಿಮಗೆ ನಿಜವಾಗಿ ಬೇಕಿರುವುದು ಎರಡನೆಯದು ಅಂತ ನನ್ನ ಊಹೆ.

"ಆರು ತಿಂಗಳಾಯ್ತು, ಸ್ಟೇ ಬಿದ್ದುಹೋಯ್ತು" ಅನ್ನುವ ಮಾತಿಗೆ ಒಂದು ಹಿನ್ನೆಲೆ ಇದೆ, ಸುಮ್ನೆ ಹುಟ್ಟಿದ್ದಲ್ಲ. 2018ರಲ್ಲಿ ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠ, ವಿಚಾರಣೆಗೆ ಕೊಟ್ಟ ತಡೆ ಆರು ತಿಂಗಳಿಗೆ ತಾನಾಗಿ ಕೊನೆಯಾಗುತ್ತದೆ ಎಂದಿತ್ತು. ಅದು ಕೆಳ ಕೋರ್ಟಿನ ಕೇಸುಗಳ ವಿಚಾರಣೆಯನ್ನು ನಿಲ್ಲಿಸುವ ತಡೆಯ ಬಗ್ಗೆ. ನಿಮ್ಮ ಹಾಗೆ ಕಕ್ಷಿದಾರನೊಬ್ಬನಿಗೆ "ಕಟ್ಟಬೇಡ" ಎಂದು ಹೇಳುವ ತಡೆಯಾಜ್ಞೆಯ ಬಗ್ಗೆ ಅಲ್ಲ. ಆ ನಿಯಮವೂ ಈಗ ಇಲ್ಲ. 2024ರ ಫೆಬ್ರವರಿ 29ರಂದು ಐವರು ನ್ಯಾಯಮೂರ್ತಿಗಳ ಪೀಠ ಅದನ್ನು ತೆಗೆದುಹಾಕಿತು. ಪಕ್ಕದ ಮನೆಯವರು ಹಳೇ ವಾಟ್ಸಾಪ್ ಫಾರ್ವರ್ಡ್ ನಂಬಿಕೊಂಡು ಸಿಮೆಂಟ್ ಕಲಸಿದ್ದಾರೆ.

ಆದರೂ ನಿಮ್ಮ ಆದೇಶದ ಭಾಷೆಯನ್ನು ನಾನು ಎರಡು ಸಲ ಓದಿದೆ. ಕೆಲವು ತಡೆಯಾಜ್ಞೆಗಳಲ್ಲಿ "ಮುಂದಿನ ವಾಯಿದೆಯವರೆಗೆ" ಎಂದಿರುತ್ತದೆ. ಆ ವಾಯಿದೆಯಲ್ಲಿ ವಿಸ್ತರಣೆ ಕೇಳಲು ವಕೀಲರು ಮರೆತರೆ ತಡೆ ಅಲ್ಲಿಗೆ ಮುಗಿಯಿತು. ಅವತ್ತು ಸಂಜೆ ಗೋಡೆ ಕಟ್ಟಿದರೂ ಉಲ್ಲಂಘನೆ ಆಗುವುದಿಲ್ಲ. ನಿಮ್ಮದರಲ್ಲಿ "ದಾವೆ ಇತ್ಯರ್ಥವಾಗುವವರೆಗೆ" ಎಂದು ಸ್ಪಷ್ಟವಾಗಿದೆ, ಬಚಾವ್. ಎರಡೂ ಕಡೆಯವರನ್ನು ಕೇಳಿ ಕೊಟ್ಟ ಆದೇಶ ಎಂದೂ ಅದರಲ್ಲಿದೆ. ಹಾಗಾಗಿ "ನಮಗೆ ಗೊತ್ತೇ ಇರಲಿಲ್ಲ" ಅನ್ನಲು ಅವರಿಗೆ ಬಾಯಿಲ್ಲ.

ಎದುರಾಳಿ ಇಲ್ಲದಾಗ ಏಕಪಕ್ಷೀಯವಾಗಿ ಸಿಕ್ಕ ತಡೆಯಾಜ್ಞೆ ಇರುವವರು ಮಾತ್ರ ಇಲ್ಲಿ ಎಚ್ಚರವಾಗಿರಬೇಕು. ಆರ್ಡರ್ 39 ರೂಲ್ 3 ಪ್ರಕಾರ ಆದೇಶ ಸಿಕ್ಕ ಕೂಡಲೇ ಅರ್ಜಿ, ಅಫಿಡವಿಟ್, ದಾವಾಪತ್ರ, ದಾಖಲೆಗಳ ಪ್ರತಿಗಳನ್ನು ಎದುರಾಳಿಗೆ ಕೊಡಬೇಕು ಅಥವಾ ಅಂಚೆಯಲ್ಲಿ ಕಳಿಸಬೇಕು. ಕಳಿಸಿದ್ದೇವೆ ಎಂದು ಅದೇ ದಿನ ಅಥವಾ ಮಾರನೇ ದಿನ ಕೋರ್ಟಿಗೆ ಅಫಿಡವಿಟ್ ಹಾಕಬೇಕು. ಇದನ್ನು ಮಾಡದೆ ಆಮೇಲೆ 2ಎ ಹಾಕಿದರೆ ಮೊದಲ ಏಟು ನಿಮಗೇ ಬೀಳುತ್ತದೆ.

ಸಾಕ್ಷ್ಯದ ಬಗ್ಗೆ ಒಂದೆರಡು ಮಾತು. ನೀವು ಕಳಿಸಿದ ಫೋಟೋಗಳಲ್ಲಿ ಗೋಡೆ ಚೆನ್ನಾಗಿ ಕಾಣುತ್ತದೆ. ಯಾವಾಗಿನದು ಅಂತ ಗೊತ್ತಾಗುವುದಿಲ್ಲ. "ಈ ಗೋಡೆ ದಾವೆಗೆ ಮೊದಲೇ ಇತ್ತು" ಎಂದು ಅವರು ಆಕ್ಷೇಪಣೆ ಬರೆಯುತ್ತಾರೆ, ಬೇಕಿದ್ದರೆ ಬರೆದಿಟ್ಟುಕೊಳ್ಳಿ. ದಾವೆ ಹಾಕುವಾಗ ತೆಗೆದ ಖಾಲಿ ಸೈಟಿನ ಫೋಟೋ ಕಡತದಲ್ಲಿ ಇದೆಯಾ ನೋಡಿಸಿ. ಮೊಬೈಲಿನ ಮೂಲ ಫೈಲು ಅಳಿಸಬೇಡಿ. ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಕಲಂನ ಪ್ರಮಾಣಪತ್ರ ಸೇರಿಸದಿದ್ದರೆ ಆ ಫೋಟೋ ಸಾಕ್ಷ್ಯವಾಗಿ ನಿಲ್ಲುವುದು ಕಷ್ಟ. ಇವೆಲ್ಲಕ್ಕಿಂತ ಗಟ್ಟಿಯಾದದ್ದು ಕೋರ್ಟ್ ಕಮಿಷನರ್ ವರದಿ. ಆರ್ಡರ್ 26 ರೂಲ್ 9ರಲ್ಲಿ ಅರ್ಜಿ ಹಾಕಿದರೆ ಕಮಿಷನರ್ ಸ್ಥಳಕ್ಕೆ ಬಂದು ಗೋಡೆಯ ಉದ್ದ, ಎತ್ತರ, ಸಿಮೆಂಟ್ ಹಸಿಯೋ ಒಣಗಿದೆಯೋ ಎಲ್ಲ ಬರೆದುಕೊಂಡು ಹೋಗುತ್ತಾರೆ. ಗೋಡೆಗೆ ಪೇಂಟ್ ಬಳಿಯುವ ಮೊದಲು ಇದು ಆಗಲಿ. ಅಂದರೆ ಈ ವಾರವೇ.

ಪಿಂಚಣಿ ವಿಷಯ ಇದಕ್ಕಿಂತ ನಾಜೂಕಿನದು. ಅಮ್ಮನ ಆದೇಶದ ಕೊನೆಯ ಸಾಲು ಸಾರಾಂಶದಲ್ಲಿ ಹೀಗಿದೆ: ಅರ್ಜಿದಾರರ ಮನವಿಯನ್ನು ಕಾನೂನಿನ ಪ್ರಕಾರ ಪರಿಗಣಿಸಿ, ಈ ಆದೇಶದ ಪ್ರತಿ ತಲುಪಿದ 3 ತಿಂಗಳೊಳಗೆ ಸೂಕ್ತ ಆದೇಶ ಹೊರಡಿಸತಕ್ಕದ್ದು.

ಇದರಲ್ಲಿ "ಬಾಕಿ ಕೊಡಿ" ಎಂಬ ಮಾತು ಎಲ್ಲಿದೆ? ಇಲ್ಲ. "ಪರಿಗಣಿಸಿ" ಎಂದಿದೆ. ನಿಮ್ಮ ಮನೆಯಲ್ಲಿ ಎಲ್ಲರೂ ಇದನ್ನು "ಹೈಕೋರ್ಟ್ ಪಿಂಚಣಿ ಕೊಡಲು ಹೇಳಿದೆ" ಅಂತ ಓದಿಕೊಂಡಿದ್ದೀರಿ. ಕಚೇರಿಯವರಿಗೆ ಇರುವ ಹೊಣೆ ಒಂದೇ. ಮೂರು ತಿಂಗಳಲ್ಲಿ ಹೌದೋ ಅಲ್ಲವೋ ಎಂದು ಕಾರಣ ಕೊಟ್ಟು ಹೇಳಬೇಕು. ಅದನ್ನೂ ಹೇಳದೆ ಕೂತಿದ್ದಾರಲ್ಲ, ಅದು ಆದೇಶದ ಉಲ್ಲಂಘನೆ. ಅದಕ್ಕೆ ಕಂಟೆಂಪ್ಟ್ ಹಾಕಬಹುದು.

ಹಾಕಿದ ಮೇಲೆ ಏನಾಗುತ್ತದೆ ಅನ್ನುವುದನ್ನು ಕಣ್ಣಿಗೆ ಕಟ್ಟುವಂತೆ ಹೇಳುತ್ತೇನೆ, ಯಾಕೆಂದರೆ ನೂರಕ್ಕೆ ಬಹಳಷ್ಟು ಸಲ ಇದೇ ಆಗುವುದು. ಹೈಕೋರ್ಟಿನಿಂದ ನೋಟಿಸ್ ಹೋಗುತ್ತದೆ. ಎಂಟು ತಿಂಗಳು ಅಲುಗಾಡದ ಫೈಲಿಗೆ ಎಂಟು ದಿನದಲ್ಲಿ ಕಾಲು ಬರುತ್ತದೆ. ಮುಂದಿನ ವಾಯಿದೆಗೆ ಸರ್ಕಾರಿ ವಕೀಲರು ಒಂದು ಮೆಮೊ ಹಾಕುತ್ತಾರೆ, ಜೊತೆಗೆ ಎರಡು ಪುಟದ ಹಿಂಬರಹ, ಅಂದರೆ ಮನವಿಗೆ ಕಚೇರಿ ಕೊಟ್ಟ ಲಿಖಿತ ಉತ್ತರ. ಅದರಲ್ಲಿ "ತಮ್ಮ ಮನವಿಯನ್ನು ಪರಿಶೀಲಿಸಲಾಗಿ, ನಿಯಮಾನುಸಾರ ಅವಕಾಶವಿರುವುದಿಲ್ಲವಾದ್ದರಿಂದ ತಿರಸ್ಕರಿಸಲಾಗಿದೆ" ಎಂದಿರುತ್ತದೆ. ಕೋರ್ಟ್ ಅದನ್ನು ನೋಡಿ, ಆದೇಶ ಪಾಲನೆಯಾಗಿದೆ, ಹಿಂಬರಹ ತಪ್ಪಾಗಿದ್ದರೆ ಅದನ್ನು ಬೇರೆಯಾಗಿ ಪ್ರಶ್ನಿಸಿಕೊಳ್ಳಿ ಎಂದು ಕೇಸನ್ನು ಕೈಬಿಡುತ್ತದೆ. ಕಕ್ಷಿದಾರರು ನನ್ನ ಮುಖ ನೋಡುತ್ತಾರೆ.

ಆ ನಿಲುವು ಕೋರ್ಟಿನ ಉದಾಸೀನ ಅಲ್ಲ. 1996ರಿಂದಲೂ ಸುಪ್ರೀಂ ಕೋರ್ಟ್ ಹೇಳುತ್ತಾ ಬಂದಿರುವ ಮಾತು. ಆದೇಶದಂತೆ ಅಧಿಕಾರಿ ಒಂದು ತೀರ್ಮಾನ ತೆಗೆದುಕೊಂಡರೆ, ಆ ತೀರ್ಮಾನ ತಪ್ಪೇ ಇರಬಹುದು, ಅದು ಹೊಸ ವ್ಯಾಜ್ಯಕ್ಕೆ ಕಾರಣ. ಹಳೇ ಆದೇಶದ ನಿಂದನೆ ಅಲ್ಲ. ಕಂಟೆಂಪ್ಟ್ ವಿಚಾರಿಸುವ ಕೋರ್ಟ್ ಮೂಲ ಆದೇಶದ ಗಡಿ ದಾಟಿ ಹೊಸ ಪರಿಹಾರ ಕೊಡಲು ಹೋಗುವುದಿಲ್ಲ.

ಹಾಗಾದರೆ ಹಾಕುವುದು ವ್ಯರ್ಥವೇ? ಖಂಡಿತ ಅಲ್ಲ. ಹಿಂಬರಹ ಬರದೆ ನೀವು ಎಲ್ಲೂ ಹೋಗುವ ಹಾಗಿಲ್ಲ. ಬಂದರೆ ಅದರಲ್ಲಿ ಬರೆದ ಕಾರಣಗಳನ್ನು ಹಿಡಿದು ಎರಡನೇ ರಿಟ್ ಹಾಕಬಹುದು. ಆಗ ವಕೀಲರಿಗೆ ಸ್ಪಷ್ಟವಾಗಿ ಹೇಳಿ: ಈ ಸಲ "ಪರಿಗಣಿಸಿ" ಬೇಡ, ಇಷ್ಟು ಅವಧಿಯ ಬಾಕಿಯನ್ನು ಇಂತಿಷ್ಟು ದಿನದಲ್ಲಿ ಕೊಡಿ ಎಂಬ ನಿರ್ದೇಶನವೇ ಬೇಕು. ನನ್ನ ಅಭಿಪ್ರಾಯ ಕೇಳಿದರೆ, "ಪರಿಗಣಿಸಿ" ಆದೇಶ ಪಡೆದು ಖುಷಿಯಾಗಿ ಮನೆಗೆ ಹೋಗುವುದರಲ್ಲಿ ನಮ್ಮ ವಕೀಲರದ್ದೂ ತಪ್ಪಿದೆ. ಬೇಗ ಸಿಗುತ್ತದೆ, ಸರ್ಕಾರಿ ವಕೀಲರೂ ವಿರೋಧಿಸುವುದಿಲ್ಲ. ಯಾಕೆ ವಿರೋಧಿಸುವುದಿಲ್ಲ ಅನ್ನುವುದನ್ನು ನಾವು ಯೋಚಿಸುವುದಿಲ್ಲ.

ಈಗ ಲೆಕ್ಕ. ಕಂಟೆಂಪ್ಟ್ ಕಾಯ್ದೆಯ 20ನೇ ಕಲಂ ಪ್ರಕಾರ, ನಿಂದನೆ ನಡೆಯಿತು ಎನ್ನುವ ದಿನದಿಂದ ಒಂದು ವರ್ಷದೊಳಗೆ ಕಂಟೆಂಪ್ಟ್ ದಾಖಲಿಸಬೇಕು. ಆದೇಶದ ದಿನದಿಂದ ಅಲ್ಲ. ನಿಮ್ಮ ಪ್ರಕರಣದಲ್ಲಿ ಪ್ರತಿ ತಲುಪಿದ ದಿನದಿಂದ ಮೂರು ತಿಂಗಳು ಕಚೇರಿಗೆ ಕೊಟ್ಟ ಅವಕಾಶ. ಅದು ಮುಗಿದ ಮಾರನೇ ದಿನದಿಂದ ವರ್ಷ ಎಣಿಸಿ. ಪ್ರತಿ ಕೊಟ್ಟು 8 ತಿಂಗಳಾಗಿದೆ ಅಂದರೆ 5 ತಿಂಗಳು ಆಗಲೇ ಕಳೆದಿದೆ, 7 ತಿಂಗಳು ಉಳಿದಿದೆ. "ಅವರು ಇವತ್ತಿಗೂ ಪಾಲಿಸಿಲ್ಲ, ದಿನದಿನವೂ ಹೊಸ ನಿಂದನೆ" ಎಂಬ ವಾದದ ಮೇಲೆ ಭಾರ ಹಾಕಬೇಡಿ. ಒಮ್ಮೆ ಪಾಲಿಸದೆ ಬಿಟ್ಟರೆ ಅದು ತಾನಾಗಿಯೇ ಮುಂದುವರಿಯುವ ತಪ್ಪು ಆಗಿಬಿಡುವುದಿಲ್ಲ ಎಂದು 2024ರಲ್ಲೂ ಸುಪ್ರೀಂ ಕೋರ್ಟ್ ಹೇಳಿದೆ.

ಈ ಒಂದು ವರ್ಷದ ವಿಷಯದಲ್ಲಿ ನಾನು ಪೆಟ್ಟು ತಿಂದಿದ್ದೇನೆ. ವೃತ್ತಿಯ ಮೊದಲ ವರ್ಷಗಳು. ಒಬ್ಬ ನಿವೃತ್ತ ನೌಕರರ ಕೇಸು. ಅಧಿಕಾರಿ ಬಹಳ ಸಭ್ಯರು, ಹೋದಾಗೆಲ್ಲ ಕೂರಿಸಿ ಕಾಫಿ ತರಿಸುತ್ತಿದ್ದರು. "ಇನ್ನೊಂದು ಹದಿನೈದು ದಿನ, ಮೇಡಂಗೆ ಹೇಳಿ ಕೇಸ್ ಹಾಕೋದು ಬೇಡ" ಅನ್ನುತ್ತಿದ್ದರಂತೆ. ನಾವೂ ಒಳ್ಳೆಯತನಕ್ಕೆ ಕಾದೆವು. ಹದಿನೈದು ದಿನಗಳು ಸೇರಿ ವರ್ಷ ದಾಟಿತು. ಅರ್ಜಿ ಹಾಕಿದಾಗ ಅದೇ ಕಚೇರಿಯ ಪರವಾಗಿ ಬಂದ ಮೊದಲ ಆಕ್ಷೇಪಣೆಯೇ "ಕಾಲಮಿತಿ ಮೀರಿದೆ". ನಮ್ಮ ಸೀನಿಯರ್ ಏನೂ ಬೈಯಲಿಲ್ಲ. ಕಡತದ ಮೇಲೆ ಕೆಂಪು ಪೆನ್ನಿನಲ್ಲಿ ಒಂದು ದಿನಾಂಕ ಬರೆದು ಕೊಟ್ಟರು. ಅವತ್ತಿನಿಂದ ಪ್ರತಿ ಆದೇಶದ ಕಡತದ ಮೇಲೂ ನಾನೇ ಆ ದಿನಾಂಕ ಬರೆಯುತ್ತೇನೆ. ನೀವೂ ಬರೆಯಿರಿ.

ಅರ್ಜಿಗೆ ಮೊದಲು ಪ್ರತಿ ತಲುಪಿದ್ದಕ್ಕೆ ದಾಖಲೆ ಇದೆಯೇ ನೋಡಿ. ಕಚೇರಿಯ ಟಪಾಲು ವಿಭಾಗದ ಸೀಲು, ತಾರೀಖು ಇರುವ ಸ್ವೀಕೃತಿ ಅಥವಾ ಅಂಚೆಯ ತಲುಪಿದ ವರದಿ. "ಕೈಯಲ್ಲೇ ಕೊಟ್ಟು ಬಂದ್ವಿ, ಸಹಿ ತಗೊಳ್ಳಲಿಲ್ಲ" ಅಂದರೆ ಮೂರು ತಿಂಗಳ ಗಡಿಯಾರ ಶುರುವಾಗಿದ್ದನ್ನು ತೋರಿಸುವುದು ಹೇಗೆ? ಹಾಗಿದ್ದರೆ ಈಗಲೇ ದೃಢೀಕೃತ ನಕಲನ್ನು ಒಂದು ಪತ್ರದ ಜೊತೆ ಅಂಚೆಯಲ್ಲಿ ಕಳಿಸಿ. ದಾಖಲೆ ಇದ್ದರೆ, ವಕೀಲರ ಮೂಲಕ ಒಂದು ನೋಟಿಸ್ ಕೊಟ್ಟು ಎರಡು ವಾರ ನೋಡಿ. ಕಾನೂನಿನಲ್ಲಿ ಕಡ್ಡಾಯವಲ್ಲ. ಆದರೆ "ಬೇಕಂತಲೇ" ಅನ್ನುವುದನ್ನು ತೋರಿಸಲು ಇದಕ್ಕಿಂತ ಒಳ್ಳೆಯ ಕಾಗದ ಬೇರೆ ಇಲ್ಲ.

ಅರ್ಜಿಯಲ್ಲಿ ಅಧಿಕಾರಿಯ ಹುದ್ದೆಯಷ್ಟೇ ಬರೆದರೆ ಸಾಲದು, ಹೆಸರೂ ಬೇಕು. ಜೈಲಿಗೆ ಹೋಗುವುದು ಕುರ್ಚಿ ಅಲ್ಲವಲ್ಲ. ಮೂರು ತಿಂಗಳ ಅವಧಿಯಲ್ಲಿ ಆ ಕುರ್ಚಿಯಲ್ಲಿ ಯಾರಿದ್ದರು, ವರ್ಗಾವಣೆಯಾಗಿ ಯಾವಾಗ ಹೋದರು, ಈಗ ಯಾರಿದ್ದಾರೆ ಎಂದು ಮೊದಲೇ ವಿಚಾರಿಸಿಕೊಳ್ಳಿ. ಹೈಕೋರ್ಟಿನಲ್ಲಿ ಇದಕ್ಕೆ ಸಿವಿಲ್ ನಿಂದನೆಯ ಕೇಸು ಎಂದು ಗುರುತಿಸುವ ಸಿ.ಸಿ.ಸಿ. ಎಂಬ ನಂಬರು ಬೀಳುತ್ತದೆ. ನಿಮ್ಮ ಅಮ್ಮ ದೂರುದಾರರು, ಅಧಿಕಾರಿ ಆರೋಪಿ. ರಿಟ್ ಆದೇಶ ಬೆಂಗಳೂರಿನಲ್ಲಿ ಆಗಿದ್ದರೆ ಬೆಂಗಳೂರು, ಧಾರವಾಡ ಅಥವಾ ಕಲಬುರಗಿ ಪೀಠದಲ್ಲಿ ಆಗಿದ್ದರೆ ಅಲ್ಲೇ.

ಅಡ್ವೊಕೇಟ್ ಜನರಲ್ ಒಪ್ಪಿಗೆ? ಬೇಡ. ಅದು 15ನೇ ಕಲಂನ ಮಾತು, ಕ್ರಿಮಿನಲ್ ನಿಂದನೆಗೆ ಸಂಬಂಧಿಸಿದ್ದು.

ಕಚೇರಿಯವರು "ನಾವು ಮೇಲ್ಮನವಿ ಹಾಕಿದ್ದೇವೆ" ಅನ್ನಬಹುದು. ಮೇಲ್ಮನವಿ ಹಾಕಿದ ಮಾತ್ರಕ್ಕೆ ಆದೇಶ ನಿಲ್ಲುವುದಿಲ್ಲ. ತಡೆ ಸಿಕ್ಕಿದೆಯಾ ಎಂದು ಕೇಳಿ. ಇಲ್ಲಿ ಒಂದು ವಾಸ್ತವ ಇದೆ. ತಡೆ ಕೋರಿದ ಅರ್ಜಿ ಇನ್ನೂ ವಿಚಾರಣೆಗೆ ಬಂದಿಲ್ಲ ಅಂದರೆ, ಅದು ತೀರ್ಮಾನವಾಗಲಿ ಎಂದು ಕಂಟೆಂಪ್ಟ್ ಪೀಠ ಕಾಯುವುದುಂಟು. ಏಕಸದಸ್ಯ ಪೀಠದ ರಿಟ್ ಆದೇಶದ ಮೇಲೆ ರಿಟ್ ಮೇಲ್ಮನವಿಗೆ ಇರುವುದು 30 ದಿನ. ಎಂಟು ತಿಂಗಳಾದ ಮೇಲೆ ಬಂದರೆ ವಿಳಂಬಕ್ಕೆ ಕಾರಣ ಕೊಡಬೇಕಾದವರು ಅವರೇ.

ಜೈಲಿನ ಮಾತಿಗೆ ಬರುತ್ತೇನೆ, ನೀವು ಮೊದಲು ಕೇಳಿದ್ದೇ ಅದನ್ನು. 12ನೇ ಕಲಂ ಪ್ರಕಾರ ಗರಿಷ್ಠ ಆರು ತಿಂಗಳ ಸಾದಾ ಸಜೆ, ಅಥವಾ ನಾನು ಹೇಳಿದ 2,000 ರೂಪಾಯಿ ದಂಡ, ಅಥವಾ ಎರಡೂ. ಸಿವಿಲ್ ನಿಂದನೆಯಲ್ಲಿ ಮೊದಲು ದಂಡವನ್ನೇ ಯೋಚಿಸಬೇಕು. ದಂಡ ಸಾಲದು ಅನಿಸಿದರೆ ಮಾತ್ರ ಸಿವಿಲ್ ಜೈಲು. ಮನಸ್ಸಿಗೆ ಒಪ್ಪುವ ಕ್ಷಮೆ ಕೇಳಿದರೆ ಕೋರ್ಟ್ ಬಿಟ್ಟುಬಿಡಬಹುದು. ಕ್ಷಮೆ ಯಾವಾಗ ಬಂತು, ಏನನ್ನು ಹೊತ್ತು ತಂತು ಅನ್ನುವುದನ್ನು ನ್ಯಾಯಮೂರ್ತಿಗಳು ನೋಡುತ್ತಾರೆ. ಕೈಯಲ್ಲಿ ಬೇಷರತ್ ಕ್ಷಮಾಪಣೆ, ಅಲ್ಲಿ ಸೈಟಿನಲ್ಲಿ ಗೋಡೆ ಹಾಗೇ ನಿಂತಿದೆ ಅಂದರೆ ಆ ಕಾಗದಕ್ಕೆ ಏನು ಬೆಲೆ?

ದೊಡ್ಡವರಿಗೆ ಏನೂ ಆಗುವುದಿಲ್ಲ ಎಂದು ನಿಮಗೆ ಅನಿಸಬಹುದು. ಪೂರ್ತಿ ನಿಜ ಅಲ್ಲ. 2006ರಲ್ಲಿ ಸಾಮಿಲ್‌ಗಳ (ಮರ ಕೊಯ್ಯುವ ಕಾರ್ಖಾನೆಗಳ) ವಿಷಯದಲ್ಲಿ ಆದೇಶ ಮೀರಿದ್ದಕ್ಕೆ ಮಹಾರಾಷ್ಟ್ರದ ಸಚಿವರಾಗಿದ್ದ ಸ್ವರೂಪ್ ಸಿಂಗ್ ನಾಯಕ್ ಮತ್ತು ಅರಣ್ಯ ಇಲಾಖೆಯ ಪ್ರಧಾನ ಕಾರ್ಯದರ್ಶಿಗೆ ಸುಪ್ರೀಂ ಕೋರ್ಟ್ ಒಂದೊಂದು ತಿಂಗಳ ಸಜೆ ಕೊಟ್ಟಿತ್ತು. ಅನಿಲ್ ಅಂಬಾನಿಯವರದು ಮುಚ್ಚಳಿಕೆ ಮುರಿದ ಕೇಸು. ಎರಿಕ್ಸನ್ ಕಂಪನಿಗೆ ಹಣ ಕೊಡುತ್ತೇವೆಂದು ಕೋರ್ಟಿಗೆ ಬರೆದುಕೊಟ್ಟು ಕೊಡಲಿಲ್ಲ. 2019ರ ಫೆಬ್ರವರಿಯಲ್ಲಿ ಸುಪ್ರೀಂ ಕೋರ್ಟ್ ಅವರ ಕ್ಷಮೆಯನ್ನು ಒಪ್ಪದೆ, ನಾಲ್ಕು ವಾರದಲ್ಲಿ 453 ಕೋಟಿ ಕೊಡಿ, ಇಲ್ಲವಾದರೆ ಮೂರು ತಿಂಗಳು ಜೈಲು ಎಂದಿತು. ಗಡುವು ಮುಗಿಯುವ ಮೊದಲೇ ಹಣ ಬಂತು. ವಿಜಯ್ ಮಲ್ಯ ಅವರದಂತೂ ನಮ್ಮದೇ ಹೈಕೋರ್ಟಿನ ಆದೇಶ. ಆಸ್ತಿ ಪರಭಾರೆ ಮಾಡಬಾರದು ಎಂಬ ಕರ್ನಾಟಕ ಹೈಕೋರ್ಟಿನ ಆದೇಶ ಇದ್ದರೂ 4 ಕೋಟಿ ಡಾಲರ್ ಅನ್ನು ಮಕ್ಕಳ ಹೆಸರಿಗೆ ವರ್ಗಾಯಿಸಿದ್ದಕ್ಕೆ 2022ರ ಜುಲೈ 11ರಂದು ಸುಪ್ರೀಂ ಕೋರ್ಟ್ ನಾಲ್ಕು ತಿಂಗಳ ಸಜೆ ವಿಧಿಸಿತು. ಜೊತೆಗೆ ದಂಡ ಎಷ್ಟು ಗೊತ್ತಾ? ಅದೇ 2,000 ರೂಪಾಯಿ. ಆದರೆ ಆ ಹಣವನ್ನು ಶೇ. 8ರ ಬಡ್ಡಿ ಸಮೇತ ತುಂಬಬೇಕೆಂದೂ ಆದೇಶವಾಯಿತು. ಅಷ್ಟರಲ್ಲಿ ಅವರು ದೇಶ ಬಿಟ್ಟು ವರ್ಷಗಳಾಗಿದ್ದವು, ಅದು ಬೇರೆ ಕಥೆ.

ನಿಮ್ಮ ಅಧಿಕಾರಿಗೆ ಜೈಲಾಗುತ್ತದೆಯೇ? ಆಗುವುದಿಲ್ಲ ಅಂತಲೇ ಹೇಳುತ್ತೇನೆ. ಹಿಂಬರಹ ಬಂದುಬಿಡುತ್ತದೆ. ಕೋರ್ಟಿಗೆ ಕರೆಸಿ ನಿಲ್ಲಿಸುವುದೂ ಈಗ ಸುಲಭ ಅಲ್ಲ. ಸರ್ಕಾರಿ ಅಧಿಕಾರಿಗಳನ್ನು ಮಾತುಮಾತಿಗೆ ಖುದ್ದು ಕರೆಸಬಾರದು, ಕರೆಸಲೇಬೇಕಿದ್ದರೆ ಮೊದಲು ವಿಡಿಯೋ ಕಾನ್ಫರೆನ್ಸ್‌ಗೆ ಅವಕಾಶ ಕೊಡಿ ಎಂದು 2024ರ ಜನವರಿ 3ರಂದು ಸುಪ್ರೀಂ ಕೋರ್ಟ್ ಹೈಕೋರ್ಟುಗಳಿಗೆ ಹೇಳಿದೆ.

ಶಿಕ್ಷೆ ಕೊಡದೆ ಕೇಸು ಮುಚ್ಚಿದರೆ ನೀವು 19ನೇ ಕಲಂನಲ್ಲಿ ಮೇಲ್ಮನವಿ ಹೋಗುವಂತಿಲ್ಲ. ಆ ಹಕ್ಕು ಶಿಕ್ಷೆಯಾದವನಿಗೆ ಮಾತ್ರ. ನಿಮಗೆ ಉಳಿಯುವುದು ಸುಪ್ರೀಂ ಕೋರ್ಟಿಗೆ ವಿಶೇಷ ಅನುಮತಿ ಅರ್ಜಿ. ಪಿಂಚಣಿ ಬಾಕಿಯಂಥ ವಿಷಯಕ್ಕೆ ಅಷ್ಟು ದೂರ ಹೋಗುವ ಬದಲು ಹಿಂಬರಹವನ್ನು ಪ್ರಶ್ನಿಸುವುದೇ ಮೇಲು.

ಇದೇ ಹೊತ್ತಿನಲ್ಲಿ, ಹಣ ವಸೂಲಿ ಡಿಕ್ರಿ ಹಿಡಿದುಕೊಂಡು ಕಂಟೆಂಪ್ಟ್ ಕೇಳುವ ಓದುಗರಿಗೂ ಒಂದು ಮಾತು: ಅದಕ್ಕೆ ಡಿಕ್ರಿಯನ್ನು ಜಾರಿ ಮಾಡಿಸುವ ಅಮಲ್ಜಾರಿ ಅರ್ಜಿ ಇದೆ, 12 ವರ್ಷ ಸಮಯವೂ ಇದೆ. ಗ್ರಾಹಕ ಆಯೋಗದ ಆದೇಶಕ್ಕೆ 2019ರ ಕಾಯ್ದೆಯ 71 ಮತ್ತು 72ನೇ ಕಲಂಗಳಿವೆ. ಅಲ್ಲಿ ಶಿಕ್ಷೆ ಒಂದು ತಿಂಗಳಿಂದ ಮೂರು ವರ್ಷದವರೆಗೆ, ದಂಡ 25,000 ರೂಪಾಯಿಗಿಂತ ಕಮ್ಮಿ ಇಲ್ಲ. ಹೈಕೋರ್ಟಿನ ನಿಂದನೆಗಿಂತ ಗ್ರಾಹಕ ಆಯೋಗದ ಆದೇಶ ಮೀರಿದರೆ ದಂಡ ಜಾಸ್ತಿ. ವಿಚಿತ್ರ ಅಂದರೆ ವಿಚಿತ್ರವೇ.

ಕೊನೆಗೆ ಅಮ್ಮನ ಮಂಡಿನೋವು. ಅವರು ಪ್ರತಿ ವಾಯಿದೆಗೂ ಬರಬೇಕಿಲ್ಲ. ದೂರಿನ ಅಫಿಡವಿಟ್‌ಗೆ ಪ್ರಮಾಣ ಮಾಡಿ ಸಹಿ ಹಾಕಬೇಕು, ವಕಾಲತ್ತಿಗೆ ಸಹಿ ಹಾಕಬೇಕು. ಅದನ್ನು ನಿಮ್ಮೂರಿನಲ್ಲೇ ನೋಟರಿ ಮುಂದೆ ಮುಗಿಸಬಹುದು. ಸಹಿಗೆ ಹೋಗುವಾಗ ಪಿಂಚಣಿ ಪುಸ್ತಕದಲ್ಲಿ ಇರುವ ಹೆಸರೂ ರಿಟ್ ಅರ್ಜಿಯಲ್ಲಿ ಇರುವ ಹೆಸರೂ ಒಂದೇ ಇದೆಯಾ ನೋಡಿಕೊಳ್ಳಿ. ನೀವು ಕಳಿಸಿದ ಪ್ರತಿಯಲ್ಲಿ ಅಮ್ಮನ ಇನಿಷಿಯಲ್ ಎರಡು ಕಡೆ ಬೇರೆ ಬೇರೆ ಇದೆ.